ಹೈಮೆ ವಾಡೆಲ್: ಒಬ್ಬ ನಟನ ಸಿನಿಮಾ ಪಟ್ಟಿಯಲ್ಲಿ ಚಿಲಿಯ ಐವತ್ತೈದು ವರ್ಷ

2023ರ ಸೆಪ್ಟೆಂಬರ್‌ನಲ್ಲಿ ನೆಟ್‌ಫ್ಲಿಕ್ಸ್‌ಗೆ ‘ಎಲ್ ಕೊಂಡೆ’ ಎಂಬ ಕಪ್ಪು ಬಿಳುಪು ಚಿತ್ರ ಬಂತು. ಚಿಲಿಯ ಸರ್ವಾಧಿಕಾರಿ ಅಗಸ್ಟೊ ಪಿನೊಚೆಟ್ ಸತ್ತೇ ಇಲ್ಲ, ಅವನೊಬ್ಬ 250 ವರ್ಷದ ರಕ್ತಪಿಶಾಚಿ, ಬದುಕಿ ಬದುಕಿ ಬೇಜಾರಾಗಿ ಈಗ ಸಾಯಬೇಕು ಅಂತಿದ್ದಾನೆ ಅನ್ನೋದು ಕತೆ. ಪಿನೊಚೆಟ್ ಪಾತ್ರ ಮಾಡಿದವರು ಹೈಮೆ ವಾಡೆಲ್. ಚಿತ್ರ ಬಂದಾಗ ಅವರಿಗೆ 87 ವರ್ಷ.

ಹೊರದೇಶಗಳಲ್ಲಿ ಹೆಚ್ಚಿನವರು ಅವರ ಹೆಸರು ಕೇಳಿದ್ದು ಆಗಲೇ. ಚಿಲಿಯಲ್ಲಿ ಹಾಗಲ್ಲ. ಅಲ್ಲಿ ಅವರು ಮನೆಮನೆಗೂ ಗೊತ್ತಿರೋ ಮುಖ. ಆದರೆ ಅವರ ಸಿನಿಮಾಗಳ ಪಟ್ಟಿಯನ್ನು ವರ್ಷಾನುಕ್ರಮವಾಗಿ ನೋಡಿದರೆ ಒಂದು ವಿಚಿತ್ರ ಕಾಣುತ್ತದೆ. 1960ರ ದಶಕದ ಕೊನೆಯಲ್ಲಿ ಜೋರಾದ ಆರಂಭ. ಆಮೇಲೆ ದೊಡ್ಡದೊಂದು ಖಾಲಿ ಜಾಗ, ನಡುವೆ ಅಲ್ಲೊಂದು ಇಲ್ಲೊಂದು ಚಿತ್ರ. ನಂತರ 2010ರಿಂದ, ಎಪ್ಪತ್ತೈದರ ಹೊಸ್ತಿಲಲ್ಲಿ, ಮತ್ತೆ ಒಂದರ ಹಿಂದೊಂದು ಒಳ್ಳೆಯ ಚಿತ್ರಗಳು. ಸುಮ್ನೆ ನೋಡಿದರೆ ಅವಕಾಶ ಸಿಗದೆ ಮೂಲೆಗುಂಪಾಗಿದ್ದ ನಟ ಮುಪ್ಪಿನಲ್ಲಿ ಮರಳಿ ಬಂದ ಹಾಗೆ ಅನಿಸುತ್ತದೆ. ನಿಜ ಅದಲ್ಲ. ಆ ಖಾಲಿ ಜಾಗ ಅವರದ್ದಲ್ಲ, ದೇಶದ್ದು. ಅದು ಹೇಗೆ ಅಂತ ಬಿಡಿಸಿ ನೋಡೋಣ.

ವಾಡೆಲ್ ಹುಟ್ಟಿದ್ದು 1935ರಲ್ಲಿ, ಬಂದರು ಪಟ್ಟಣ ವಾಲ್ಪರೈಸೊದಲ್ಲಿ. ನಟನಾಗಿ ಬೆಳೆದದ್ದು ಅಲ್ಲಿಂದ ದಕ್ಷಿಣಕ್ಕಿರುವ ಕೊನ್ಸೆಪ್ಸಿಯೋನ್ ನಗರದ ವಿಶ್ವವಿದ್ಯಾಲಯದ ರಂಗತಂಡದಲ್ಲಿ. ವಿಶ್ವವಿದ್ಯಾಲಯದ ರಂಗತಂಡ ಅಂದ ಕೂಡಲೇ ಕಾಲೇಜು ಡೇ ನಾಟಕ ನೆನಪಾಗಬಹುದು. ಚಿಲಿಯಲ್ಲಿ ಅದರ ಅರ್ಥವೇ ಬೇರೆ. 1941ರಲ್ಲಿ ಪೆದ್ರೊ ದೆ ಲಾ ಬಾರ ಎಂಬವರು ರಾಜಧಾನಿ ಸಾಂತಿಯಾಗೊದಲ್ಲಿ, ಚಿಲಿ ವಿಶ್ವವಿದ್ಯಾಲಯದೊಳಗೆ, ಒಂದು ಪ್ರಾಯೋಗಿಕ ರಂಗತಂಡ ಕಟ್ಟಿದರು. ಉಳಿದ ವಿಶ್ವವಿದ್ಯಾಲಯಗಳೂ ಅದೇ ದಾರಿ ಹಿಡಿದವು. ಆ ಕಾಲದ ಚಿಲಿಯಲ್ಲಿ ಗಂಭೀರ ನಾಟಕ ಅಂದರೆ ಬಹುಪಾಲು ವಿಶ್ವವಿದ್ಯಾಲಯಗಳ ನಾಟಕವೇ. ನಟರಿಗೆ ಅದು ಹವ್ಯಾಸವಲ್ಲ, ಕಸುಬು. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

1950ರ ದಶಕದ ಕೊನೆಯಲ್ಲಿ ದೆ ಲಾ ಬಾರ ಕೊನ್ಸೆಪ್ಸಿಯೋನ್ ತಂಡದ ಹೊಣೆ ಹೊತ್ತರು. ಆ ತಂಡದಲ್ಲಿ ಪಳಗಿದವರ ಹೆಸರು ನೋಡಿ: ನೆಲ್ಸನ್ ವಿಯಾಗ್ರಾ, ಶೆಂಡಾ ರೊಮಾನ್, ದೆಲ್ಫಿನಾ ಗುಸ್ಮಾನ್, ಲೂಯಿಸ್ ಅಲಾರ್ಕೋನ್, ವಾಡೆಲ್. ಮುಂದೆ ಚಿಲಿಯ ಹೊಸ ಅಲೆಯ ಸಿನಿಮಾಕ್ಕೆ ಮುಖ ಕೊಟ್ಟವರು ಇವರೇ. ದೂರದ ಒಂದು ಊರಿನ ನಾಟಕ ತಂಡದಿಂದ ಇಷ್ಟು ಜನ ಒಟ್ಟಿಗೆ ಎದ್ದು ಬಂದದ್ದು ಕಾಕತಾಳೀಯ ಅಂತ ನನಗನಿಸುವುದಿಲ್ಲ. ವರ್ಷಗಟ್ಟಲೆ ಒಂದೇ ರಂಗದ ಮೇಲೆ ನಿಂತವರ ನಡುವೆ ಒಂದು ಸಲಿಗೆ ಇರುತ್ತದೆ. ಕ್ಯಾಮೆರಾಕ್ಕೆ ಬೇಕಾಗಿದ್ದುದು ಅದು.

1968ರಲ್ಲಿ ಇವರನ್ನೆಲ್ಲ ಹಾಕಿಕೊಂಡು ರಾವುಲ್ ರುಯಿಸ್ ಎಂಬ ಹುಡುಗ ‘ತ್ರೆಸ್ ತ್ರಿಸ್ತೆಸ್ ತಿಗ್ರೆಸ್’ ಎಂಬ ಚಿತ್ರ ಮಾಡಿದ. ಹುಡುಗ ಅಂದದ್ದು ಸುಮ್ನೆ ಅಲ್ಲ, ರುಯಿಸ್ ಹುಟ್ಟಿದ್ದೇ 1941ರಲ್ಲಿ. ಮುಂದೆ ಫ್ರಾನ್ಸಿಗೆ ಹೋಗಿ ನೂರಕ್ಕೂ ಮಿಕ್ಕಿ ಚಿತ್ರ ಮಾಡಿದ ಮಹಾಶಯ ಇವರೇ. ಚಿತ್ರಕ್ಕೆ ಮೂಲ ಅಲೆಹಾಂದ್ರೊ ಸಿಯೆವೆಕಿಂಗ್ ಅವರ ನಾಟಕ. ಈ ಹೆಸರೂ ನೆನಪಿರಲಿ.

ಕತೆ ಅಂತ ಹೇಳಲು ಅದರಲ್ಲಿ ಜಾಸ್ತಿ ಏನಿಲ್ಲ. ಸಾಂತಿಯಾಗೊದ ಬಾರುಗಳಲ್ಲಿ ಕುಡಿಯುತ್ತ, ಹರಟುತ್ತ, ಒಬ್ಬರನ್ನೊಬ್ಬರು ಅಳೆಯುತ್ತ ಕೆಳ ಮಧ್ಯಮ ವರ್ಗದ ಕೆಲವರು ದಿನ ದೂಡುತ್ತಾರೆ. ವಾಡೆಲ್ ಅದರಲ್ಲಿ ರೂದಿ. ಕಾರು ಮಾರುವವನು. ಒಳ್ಳೆಯ ಬಟ್ಟೆ, ಮೆತ್ತಗಿನ ಮಾತು, ಕೈಕೆಳಗಿನವನನ್ನು ನಗುನಗುತ್ತಲೇ ತುಳಿಯುವ ಬುದ್ಧಿ. ವಿಯಾಗ್ರಾ ಮಾಡಿದ ತಿತೊ ಆ ತುಳಿತವನ್ನು ಸಹಿಸಿ ಸಹಿಸಿ ಕೊನೆಗೆ ರೂದಿಯನ್ನು ಹಿಡಿದು ಬಡಿಯುತ್ತಾನೆ. ಕೈಯಲ್ಲಿ ಹಿಡಿದ ಕ್ಯಾಮೆರಾ ಮೇಜುಗಳ ನಡುವೆ ನುಸುಳುತ್ತ ಹೋಗುತ್ತದೆ. ಮಾತು ಅರ್ಧಕ್ಕೆ ನಿಲ್ಲುತ್ತದೆ, ಎಲ್ಲೋ ಶುರುವಾಗಿ ಇನ್ನೆಲ್ಲೋ ಮುಗಿಯುತ್ತದೆ. ಚಿಲಿಯ ಜನ ನಿಜವಾಗಿ ಮಾತಾಡುವ ರೀತಿ ತೆರೆಯ ಮೇಲೆ ಬಂದದ್ದು ಈ ಚಿತ್ರದಲ್ಲಿ ಅಂತ ಅಲ್ಲಿನವರು ಈಗಲೂ ಹೇಳುತ್ತಾರೆ. ಚಿತ್ರದ ಅರ್ಪಣೆ ಬರಹಗಾರ ಹೊಆಕಿನ್ ಎಡ್ವರ್ಡ್ಸ್ ಬೆಯೊ, ಕವಿ ನಿಕಾನೋರ್ ಪಾರ ಮತ್ತು ಕೊಲೊ-ಕೊಲೊ ಫುಟ್‌ಬಾಲ್ ಕ್ಲಬ್ಬಿಗೆ. ಇಂಥ ಅರ್ಪಣೆ ಬರೆಯುವ ತುಂಟತನ ಎಷ್ಟು ಜನಕ್ಕಿದೆ ಹೇಳಿ! 1969ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಚಿನ್ನದ ಚಿರತೆ ಪ್ರಶಸ್ತಿ ಬಂತು, ಇನ್ನೂ ಮೂರು ಚಿತ್ರಗಳ ಜೊತೆ ಹಂಚಿಕೆಯಲ್ಲಿ.

ಅದು ಚಿಲಿ ಸಿನಿಮಾದ ಒಳ್ಳೆಯ ಕಾಲ. 1967ರಲ್ಲಿ ವಿನ್ಯಾ ದೆಲ್ ಮಾರ್ ಊರಿನಲ್ಲಿ ಲ್ಯಾಟಿನ್ ಅಮೆರಿಕದ ಹೊಸ ಸಿನಿಮಾದವರೆಲ್ಲ ಒಂದೆಡೆ ಸೇರಿದ್ದರು. ಆ ಉತ್ಸವ ನಡೆಸಿದ್ದು ಅಲ್ದೊ ಫ್ರಾನ್ಸಿಯಾ ಎಂಬ ಮಕ್ಕಳ ಡಾಕ್ಟರು. ದೇಶದ ಚಿತ್ರಗಳಿಗೆ ಕಾನೂನಿನ ಆಸರೆಯೂ ಸಿಕ್ಕಿತ್ತು. 1970ರಲ್ಲಿ ಸಮಾಜವಾದಿ ನಾಯಕ ಸಾಲ್ವದೋರ್ ಅಯೆಂದೆ ಅಧ್ಯಕ್ಷರಾದರು, ಸರ್ಕಾರದ ಚಿಲಿ ಫಿಲ್ಮ್ಸ್ ಸಂಸ್ಥೆಗೆ ಹೊಸ ಹುರುಪು ಬಂತು.

ಎಲ್ಲ ನಿಂತದ್ದು 1973ರ ಸೆಪ್ಟೆಂಬರ್ 11ರಂದು. ಸೇನೆ ಅಧ್ಯಕ್ಷರ ಅರಮನೆ ಮೇಲೆ ಬಾಂಬು ಹಾಕಿತು. ಅಯೆಂದೆ ಅಲ್ಲೇ ತೀರಿಕೊಂಡರು. ಸೇನೆಯ ಮುಖ್ಯಸ್ಥ ಪಿನೊಚೆಟ್ ಅಧಿಕಾರ ಹಿಡಿದ, 1990ರವರೆಗೂ ಬಿಡಲಿಲ್ಲ. ಆ ಅವಧಿಯಲ್ಲಿ ಕೊಲೆಯಾದವರು ಮತ್ತು ಕಾಣೆಯಾದವರು ಸರ್ಕಾರಿ ಲೆಕ್ಕದಲ್ಲೇ ಮೂರು ಸಾವಿರಕ್ಕಿಂತ ಜಾಸ್ತಿ. ಸಿನಿಮಾದವರೂ ಅದರಲ್ಲಿದ್ದಾರೆ. ನಟಿ ಕಾರ್ಮೆನ್ ಬ್ವೆನೊ ಮತ್ತು ಕ್ಯಾಮೆರಾಮನ್ ಹೊರ್ಹೆ ಮ್ಯುಲರ್ ತಾವು ಕೆಲಸ ಮಾಡಿದ್ದ ಚಿತ್ರವೊಂದರ ಮೊದಲ ಪ್ರದರ್ಶನದ ಮರುದಿನ, 1974ರ ನವೆಂಬರ್ 29ರಂದು, ಬೀದಿಯಲ್ಲೇ ಬಂಧನಕ್ಕೊಳಗಾದರು. ಆಮೇಲೆ ಪತ್ತೆ ಇಲ್ಲ.

ರುಯಿಸ್ ಫ್ರಾನ್ಸಿಗೆ ಹೋದರು. ಇನ್ನೊಬ್ಬ ದೊಡ್ಡ ನಿರ್ದೇಶಕ ಮಿಗೆಲ್ ಲಿತ್ತಿನ್ ಮೆಕ್ಸಿಕೊಗೆ. ವಿಯಾಗ್ರಾ ಕ್ಯೂಬಾಗೆ ಹೋಗಿ ಅಲ್ಲಿನ ಚಿತ್ರಗಳಲ್ಲಿ ನಟಿಸಿದರು. ವಿಶ್ವವಿದ್ಯಾಲಯಗಳಿಗೆ ಸೇನೆಯವರೇ ಕುಲಪತಿಗಳಾಗಿ ಬಂದರು, ರಂಗ ವಿಭಾಗಗಳಿಂದ ಬಹಳ ಜನರನ್ನು ಹೊರಗೆ ಹಾಕಿದರು. ನಟರ ಬೆನ್ನಿಗೆ ವಿಶ್ವವಿದ್ಯಾಲಯ ಇತ್ತು ಅಂದೆನಲ್ಲ, ಆ ಆಸರೆ ಕಳಚಿತು. ಸಿನಿಮಾಕ್ಕಿದ್ದ ಕಾನೂನಿನ ರಕ್ಷಣೆಯೂ ಹೋಯಿತು. ಮುಂದಿನ ವರ್ಷಗಳಲ್ಲಿ ದೇಶದೊಳಗೆ ಕತೆಯ ಚಿತ್ರ ಆಗುವುದೇ ಅಪರೂಪವಾಯಿತು. ಇದ್ದ ಕೆಲವೇ ಚಿತ್ರಗಳಲ್ಲಿ ಎದ್ದು ಕಾಣುವುದು ಸಿಲ್ವಿಯೊ ಕಯೊತ್ಸಿ 1979ರಲ್ಲಿ ತಂದ ‘ಹೂಲಿಯೊ ಕೊಮಿಯೆನ್ಸಾ ಎನ್ ಹೂಲಿಯೊ’. ಕಯೊತ್ಸಿ ಹೊಟ್ಟೆಪಾಡಿಗೆ ಜಾಹೀರಾತು ಮಾಡುತ್ತಿದ್ದವರು. ವಾಡೆಲ್ ಆ ಚಿತ್ರದಲ್ಲೂ ಇದ್ದಾರೆ. ಅಂದರೆ ನಟ ಸುಮ್ಮನೆ ಕೂತಿರಲಿಲ್ಲ. ಸಿನಿಮಾವೇ ಇರಲಿಲ್ಲ.

ವಾಡೆಲ್ ದೇಶ ಬಿಡಲಿಲ್ಲ. ಅವರು ಸಾಂತಿಯಾಗೊದ ‘ಇಕ್ಟುಸ್’ ತಂಡದಲ್ಲಿದ್ದರು. 1955ರಲ್ಲಿ ಹುಟ್ಟಿದ ಸ್ವತಂತ್ರ ತಂಡ ಅದು, ಯಾವ ವಿಶ್ವವಿದ್ಯಾಲಯದ ಹಂಗೂ ಇರಲಿಲ್ಲ. ಹಾಗಾಗಿ ಅದನ್ನು ಒಂದು ಆದೇಶದಿಂದ ಮುಚ್ಚಲು ಬರುತ್ತಿರಲಿಲ್ಲ. ಇಲ್ಲಿ ಸರ್ವಾಧಿಕಾರದ ಒಂದು ಒಳಗುಟ್ಟು ತಿಳಿಯಬೇಕು. ಸಿನಿಮಾಕ್ಕೆ ಸೆನ್ಸಾರ್ ಮಂಡಳಿ ಇತ್ತು. ನಾಟಕಕ್ಕೆ ಇರಲಿಲ್ಲ. ಯಾವ ಅಧಿಕಾರಿಯೂ ಮೊದಲೇ ಪಠ್ಯ ತರಿಸಿಕೊಂಡು ಗೆರೆ ಎಳೆಯುತ್ತಿರಲಿಲ್ಲ. ಬದಲಿಗೆ ಟಿಕೆಟ್ ದುಡ್ಡಿನ ಮೇಲೆ ಭಾರೀ ತೆರಿಗೆ. ‘ಇದು ಸಂಸ್ಕೃತಿಗೆ ಸೇರಿದ್ದು’ ಅಂತ ಒಪ್ಪಿಗೆ ಸಿಕ್ಕರೆ ತೆರಿಗೆ ಮಾಫಿ, ಸಿಗದಿದ್ದರೆ ತಂಡ ಸಾಲಕ್ಕೆ ಬೀಳುತ್ತದೆ. ಜೊತೆಗೆ ಬೆದರಿಕೆ ಫೋನು, ನಗರಪಾಲಿಕೆಯ ತಪಾಸಣೆ, ಪತ್ರಿಕೆಯಲ್ಲಿ ಬೈಗುಳ. ನಾಟಕಕ್ಕೆ ಬರುವವರು ಕೆಲವು ನೂರು ಜನ, ಅವರಿಂದ ಏನಾದೀತು ಅನ್ನೋ ಲೆಕ್ಕವೂ ಇದ್ದಿರಬೇಕು. ಹೀಗಾಗಿ ದೇಶದಲ್ಲಿ ಸ್ವಲ್ಪವಾದರೂ ಬಾಯಿ ಬಿಡಬಹುದಾದ ಜಾಗಗಳಲ್ಲಿ ನಾಟಕವೂ ಒಂದಾಯಿತು.

ಆ ಲೆಕ್ಕ ಎಲ್ಲಿಗೆ ನಿಲ್ಲುತ್ತದೆ ಅನ್ನೋದು 1977ರಲ್ಲಿ ಗೊತ್ತಾಯಿತು.

ವಾಡೆಲ್ ಮತ್ತು ಹೊಸೆ ಮಾನ್ವೆಲ್ ಸಾಲ್ಸೆದೊ ಇಕ್ಟುಸ್ ಬಿಟ್ಟು ‘ಲಾ ಫೆರಿಯಾ’ ಎಂಬ ತಮ್ಮದೇ ತಂಡ ಕಟ್ಟಿದ್ದರು. ಸಾಂತಿಯಾಗೊದ ಪ್ರೊವಿದೆನ್ಸಿಯಾ ಬಡಾವಣೆಯಲ್ಲಿ ಸರ್ಕಸ್ ಟೆಂಟು ಹಾಕಿದರು. ನಿಕಾನೋರ್ ಪಾರ ಅವರ ಕವಿತೆಗಳನ್ನು ಪೋಣಿಸಿ ‘ಓಹಾಸ್ ದೆ ಪಾರ’ ಎಂಬ ನಾಟಕ ಮಾಡಿದರು. ಪಾರ ಬಗ್ಗೆ ಎರಡು ಮಾತು ಹೇಳಲೇಬೇಕು. ಈ ಕವಿ ವೃತ್ತಿಯಲ್ಲಿ ಭೌತಶಾಸ್ತ್ರದ ಮೇಷ್ಟ್ರು. ಹಾಡುಗಾರ್ತಿ ವಿಯೊಲೆತಾ ಪಾರ ಅವರ ಅಣ್ಣ. ಕಾವ್ಯದ ಗಾಂಭೀರ್ಯವನ್ನೇ ಗೇಲಿ ಮಾಡುತ್ತ, ಬೀದಿ ಮಾತಿನಲ್ಲಿ ಬರೆದು, ತಾನು ಬರೆಯೋದು ಕವಿತೆಯಲ್ಲ, ಪ್ರತಿಕವಿತೆ ಅಂತ ಹೇಳಿಕೊಂಡವರು. 1970ರಲ್ಲಿ ವಾಷಿಂಗ್ಟನ್ನಿನ ಶ್ವೇತಭವನದಲ್ಲಿ ಅಧ್ಯಕ್ಷ ನಿಕ್ಸನ್ ಅವರ ಹೆಂಡತಿ ಜೊತೆ ಚಹಾ ಕುಡಿದರು ಅಂತ ಎಡಪಂಥೀಯರು ಇವರ ಮೇಲೆ ಮುನಿಸಿಕೊಂಡಿದ್ದರು. ಒಟ್ಟಿನಲ್ಲಿ ಯಾರ ಬಣಕ್ಕೂ ಸೇರದ ಮನುಷ್ಯ.

ನಾಟಕ ನಡೆಯೋದು ಒಂದು ಸರ್ಕಸ್ಸಿನಲ್ಲಿ. ಆಟ ಸಾಗುತ್ತಿದ್ದ ಹಾಗೆ ಸರ್ಕಸ್ಸಿನ ಅಂಗಳಕ್ಕೆ ಒಂದೊಂದೇ ಶಿಲುಬೆ ಬಂದು ಕೂರುತ್ತದೆ. ಸತ್ತವರನ್ನು ಹೂಳಲು ಬೇರೆ ಜಾಗ ಸಾಲದೆ ಸರ್ಕಸ್ಸೇ ಸ್ಮಶಾನವಾಗುತ್ತ ಹೋಗುತ್ತದೆ. ಆಟಗಾರರಿಗೆ ಕಾಲಿಡಲು ಜಾಗ ಕಡಿಮೆಯಾಗುತ್ತ ಬರುತ್ತದೆ. ಪಿನೊಚೆಟ್ ಹೆಸರು ಹೇಳುವ ಅಗತ್ಯವೇ ಇಲ್ಲ. 1977ರ ಸಾಂತಿಯಾಗೊದಲ್ಲಿ ಕೂತವನಿಗೆ ಆ ಶಿಲುಬೆಗಳು ಯಾರವು ಅಂತ ಬಿಡಿಸಿ ಹೇಳಬೇಕೇ?

ಸರ್ಕಾರದ ಪರವಿದ್ದ ಸಂಜೆ ಪತ್ರಿಕೆ ನಾಟಕದ ಮೇಲೆ ಕಿಡಿಕಾರಿತು. ಕೂಡಲೇ ಆರೋಗ್ಯ ನಿಯಮದ ನೆಪದಲ್ಲಿ ಪ್ರದರ್ಶನ ನಿಲ್ಲಿಸಿದರು. ಕೆಲವೇ ದಿನಗಳಲ್ಲಿ ಒಂದು ರಾತ್ರಿ ಟೆಂಟು ಸುಟ್ಟು ಬೂದಿಯಾಯಿತು. ಆಗ ರಾತ್ರಿ ಕರ್ಫ್ಯೂ ಇತ್ತು. ಆ ಹೊತ್ತಿನಲ್ಲಿ ಬೀದಿಯಲ್ಲಿ ಧೈರ್ಯವಾಗಿ ಓಡಾಡಬಹುದಾಗಿದ್ದವರು ಯಾರು ಅನ್ನೋದು ಊರಿಗೆಲ್ಲ ಗೊತ್ತಿದ್ದ ವಿಷಯ. ಲಾ ಫೆರಿಯಾ ಅಲ್ಲಿಗೇ ಮುಚ್ಚಲಿಲ್ಲ. ಅದೇ ವರ್ಷ ಇನ್ನೊಂದು ನಾಟಕ ತಂದರು, ಮರುವರ್ಷ ಮತ್ತೊಂದು. ವಾಡೆಲ್ ಬದುಕಿನಲ್ಲಿ ನನಗೆ ಬಹಳ ಮುಖ್ಯ ಅನಿಸೋದು ಈ ವರ್ಷಗಳೇ. ಸಿನಿಮಾ ಪಟ್ಟಿಯಲ್ಲಿ ಇದರ ಸುಳಿವೂ ಸಿಗುವುದಿಲ್ಲ.

ಹಾಗಾದರೆ ಹೊಟ್ಟೆಪಾಡು? ಅದಕ್ಕೆ ಉತ್ತರ ಟಿವಿ ಧಾರಾವಾಹಿ. 1980ರ ದಶಕದ ಆರಂಭದಲ್ಲಿ ಚಿಲಿಯಲ್ಲಿ ಧಾರಾವಾಹಿ ದೊಡ್ಡ ಉದ್ಯಮವಾಗಿ ಬೆಳೆಯಿತು. ಅಲ್ಲಿನ ಧಾರಾವಾಹಿ ನಮ್ಮವುಗಳ ಹಾಗೆ ವರ್ಷಗಟ್ಟಲೆ ಎಳೆಯುವುದಿಲ್ಲ, ಕೆಲವು ತಿಂಗಳಲ್ಲಿ ಕತೆ ಮುಗಿಯುತ್ತದೆ. ನಟರಿಗೆ ಇದು ಅನುಕೂಲ. ವರ್ಷದ ಒಂದು ಭಾಗ ಟಿವಿಯಲ್ಲಿ ದುಡಿದು, ಉಳಿದ ಭಾಗ ನಾಟಕ ಮಾಡಬಹುದು. ಇದರಲ್ಲೊಂದು ತಮಾಷೆಯೂ ಇದೆ. ಸಂಜೆ ಟಿವಿಯಲ್ಲಿ ಮನೆಮಂದಿ ಮೆಚ್ಚುವ ಅಪ್ಪನೋ ಮಾವನೋ ಆಗಿ ಬರುವವರು, ರಾತ್ರಿ ರಂಗದ ಮೇಲೆ ಸರ್ಕಾರಕ್ಕೆ ಚುಚ್ಚುವ ಮಾತಾಡುತ್ತಿದ್ದರು. ಟಿವಿ ಕೊಟ್ಟ ಜನಪ್ರಿಯತೆ ಒಂದು ಮಟ್ಟಿಗೆ ಗುರಾಣಿಯೂ ಆಗಿತ್ತು. ಮನೆಮಾತಾದ ನಟನನ್ನು ಸದ್ದಿಲ್ಲದೆ ಮಾಯ ಮಾಡುವುದು ಅಷ್ಟು ಸುಲಭವಲ್ಲ. ಹಾಗಂತ ಅಪಾಯ ಇರಲಿಲ್ಲ ಎಂದಲ್ಲ. 1987ರಲ್ಲಿ ಎಪ್ಪತ್ತಕ್ಕೂ ಹೆಚ್ಚು ರಂಗಕರ್ಮಿಗಳಿಗೆ ‘ನವೆಂಬರ್ ಮುಗಿಯುವುದರೊಳಗೆ ದೇಶ ಬಿಡಿ, ಇಲ್ಲವಾದರೆ ಕೊಲ್ಲುತ್ತೇವೆ’ ಅಂತ ಬೆದರಿಕೆ ಬಂತು. ಆಗ ಅವರ ಪರವಾಗಿ ಸಾಂತಿಯಾಗೊಗೆ ಬಂದು ನಿಂತವರು ಹಾಲಿವುಡ್‌ನ ಸೂಪರ್‌ಮ್ಯಾನ್, ಕ್ರಿಸ್ಟೋಫರ್ ರೀವ್. ಕತೆಯಲ್ಲಿ ಬರೆದರೆ ಯಾರೂ ನಂಬಲಿಕ್ಕಿಲ್ಲ.

ವಾಡೆಲ್ ಧಾರಾವಾಹಿಗಳನ್ನು ಆಮೇಲೂ ಬಿಡಲಿಲ್ಲ. 2001ರಲ್ಲಿ ದೇಶವೆಲ್ಲ ಕೂತು ನೋಡಿದ ‘ಅಮೋರೆಸ್ ದೆ ಮೆರ್ಕಾದೊ’ದಲ್ಲೂ ಅವರಿದ್ದಾರೆ. ಕಲಾತ್ಮಕ ಸಿನಿಮಾ ಪ್ರಿಯರು ಇಂಥ ಕೆಲಸವನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ಅದು ತಪ್ಪು ಅನಿಸುತ್ತದೆ ನನಗೆ. ಕ್ಯಾಮೆರಾ ಮುಂದೆ ದಿನವೂ ನಿಲ್ಲುವ ಅಭ್ಯಾಸ, ಕಡಿಮೆ ಹೊತ್ತಿನಲ್ಲಿ ಪಾತ್ರವನ್ನು ನಿಲ್ಲಿಸುವ ಚಾಕಚಕ್ಯತೆ ಅಲ್ಲಿಂದಲೇ ಬಂದದ್ದು. ಇವು ಮುಂದೆ ಹೇಗೆ ಕೈಹಿಡಿದವು ಅಂತ ನೋಡಿ.

1990ರಲ್ಲಿ ಪ್ರಜಾಪ್ರಭುತ್ವ ಮರಳಿತು. ಆದರೆ ಸಿನಿಮಾ ಮರಳಲು ಟೈಮ್ ಹಿಡಿಯಿತು. ಸರ್ಕಾರದ ಸಹಾಯಧನ, ಚಿತ್ರಶಾಲೆಗಳು, 2004ರ ಸಿನಿಮಾ ಕಾಯ್ದೆ ಎಲ್ಲ ಒಂದೊಂದಾಗಿ ಬಂದವು. ಈ ನಡುವೆ 2000ದಲ್ಲಿ ಕಯೊತ್ಸಿ ಅವರ ‘ಕೊರೊನಾಸಿಯೋನ್’ ಬಂತು. ಹೊಸೆ ದೊನೊಸೊ ಕಾದಂಬರಿ ಆಧಾರಿತ ಈ ಚಿತ್ರದಲ್ಲೂ ವಾಡೆಲ್ ಇದ್ದಾರೆ. ನಿಜವಾದ ತಿರುವು ಬಂದದ್ದು ಪಾಬ್ಲೊ ಲರಾಯಿನ್ ಜೊತೆ.

ಲರಾಯಿನ್ ಹುಟ್ಟಿದ್ದು 1976ರಲ್ಲಿ. ಅಪ್ಪ ಬಲಪಂಥೀಯ ಪಕ್ಷದ ದೊಡ್ಡ ರಾಜಕಾರಣಿ, ಪಿನೊಚೆಟ್ ಆಡಳಿತವನ್ನು ಬೆಂಬಲಿಸಿದ ಪಕ್ಷ ಅದು. ಮಗ ಮಾತ್ರ ಒಂದಾದ ಮೇಲೊಂದರಂತೆ ಆ ಕಾಲವನ್ನು ಕೆದಕುವ ಚಿತ್ರಗಳನ್ನೇ ಮಾಡುತ್ತ ಹೋದರು. ಅವರ ಚಿತ್ರಗಳ ಮುಖ್ಯ ಪಾತ್ರಗಳಲ್ಲಿ ಹೆಚ್ಚಾಗಿ ಕಾಣುವುದು ಅಲ್ಫ್ರೆದೊ ಕಾಸ್ತ್ರೊ. ಇವರೂ ಅದ್ಭುತ ನಟ, ಆದರೆ ಅದು ಬೇರೆಯದೇ ಕತೆ. ವಾಡೆಲ್ ಅವರಿಗೆ ಸಿಕ್ಕಿದ್ದು ಪಕ್ಕದ ಪಾತ್ರಗಳು. ಆ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿ. 2010ರ ‘ಪೋಸ್ಟ್ ಮಾರ್ಟಮ್’ನಲ್ಲಿ 1973ರ ಶವಾಗಾರದ ಹಿರಿಯ ವೈದ್ಯ. ಅಯೆಂದೆ ಅವರ ಶವಪರೀಕ್ಷೆ ನಡೆಯುವುದು ಇದೇ ಚಿತ್ರದಲ್ಲಿ. 2012ರ ‘ನೊ’ ಚಿತ್ರದಲ್ಲಿ ಸರ್ವಾಧಿಕಾರಿಯ ಮಂತ್ರಿ. 2015ರ ‘ಎಲ್ ಕ್ಲುಬ್’ನಲ್ಲಿ ಸೇನೆಯಲ್ಲಿ ಪಾದ್ರಿಯಾಗಿದ್ದು ಅಲ್ಲಿನ ಗುಟ್ಟುಗಳನ್ನೆಲ್ಲ ನುಂಗಿಕೊಂಡ ಮುದುಕ. 2016ರ ‘ನೆರೂದಾ’ದಲ್ಲಿ ಮಾಜಿ ಅಧ್ಯಕ್ಷ ಅರ್ತೂರೊ ಅಲೆಸ್ಸಾಂದ್ರಿ. ಕೊನೆಗೆ 2023ರಲ್ಲಿ ಪಿನೊಚೆಟ್.

ಏನು ಕಾಣುತ್ತದೆ? ಎಲ್ಲವೂ ಅಧಿಕಾರದ ಮುಖಗಳೇ. ಅಧಿಕಾರದವರ ಸಿಟ್ಟಿಗೆ ಗುರಿಯಾಗಿ ಟೆಂಟು ಕಳೆದುಕೊಂಡ ಮನುಷ್ಯನಿಗೆ ತೆರೆಯ ಮೇಲೆ ಅಧಿಕಾರದವರ ಪಾತ್ರವೇ ಗಂಟುಬಿತ್ತು. ಇದರಲ್ಲಿ ವ್ಯಂಗ್ಯ ಇದೆ, ಆದರೆ ಬರೀ ವ್ಯಂಗ್ಯ ಅಂತ ಬಿಟ್ಟರೆ ನಟನ ಕೆಲಸ ಕಾಣುವುದಿಲ್ಲ. ವಾಡೆಲ್ ಯಾರನ್ನೂ ರಾಕ್ಷಸನ ಹಾಗೆ ಆಡುವುದಿಲ್ಲ. ಗದರಿಸುವುದಿಲ್ಲ, ಕಣ್ಣು ಕೆರಳಿಸುವುದಿಲ್ಲ. ಅವರ ಮಂತ್ರಿ ಮನೆಗೆ ಬಂದ ನೆಂಟನಷ್ಟು ಸಭ್ಯ. ಸ್ವಲ್ಪ ಆಯಾಸ, ಸ್ವಲ್ಪ ಹಾಸ್ಯ, ‘ಇದೆಲ್ಲ ನಿಮ್ಮ ಒಳ್ಳೆಯದಕ್ಕೇ’ ಅನ್ನೋ ಧಾಟಿ. ಕಾರು ಮಾರುವ ರೂದಿಯಲ್ಲಿ ಇದ್ದುದು ಇದೇ ಅಲ್ವಾ? ಮುವತ್ತರ ಹರೆಯದಲ್ಲಿ ಕಂಡುಕೊಂಡ ಆ ಮೆತ್ತಗಿನ ಕ್ರೌರ್ಯವನ್ನು ಎಂಬತ್ತರ ಆಚೆಗೂ ಹದಗೊಳಿಸುತ್ತಲೇ ಬಂದರು ಅಂತ ನನ್ನ ಓದು.

‘ಎಲ್ ಕ್ಲುಬ್’ ನೋಡುವಾಗ ಇನ್ನೊಂದು ಗಮನಿಸಿ. ತಪ್ಪು ಮಾಡಿದ ಪಾದ್ರಿಗಳನ್ನು ಚರ್ಚು ಕಡಲತೀರದ ಒಂದು ಮನೆಯಲ್ಲಿ ಬಚ್ಚಿಟ್ಟಿರುತ್ತದೆ. ಅಲ್ಲಿ ಅರಳುಮರಳಾದ ವಯಸ್ಸಾದ ಪಾದ್ರಿಯೊಬ್ಬರಿದ್ದಾರೆ. ಆ ನಟ ಬೇರೆ ಯಾರೂ ಅಲ್ಲ, ರುಯಿಸ್ ಚಿತ್ರಕ್ಕೆ ಮೂಲ ನಾಟಕ ಬರೆದ ಸಿಯೆವೆಕಿಂಗ್. ಅವರು ಬರೆದ ಕತೆಯಲ್ಲಿ 1968ರಲ್ಲಿ ವಾಡೆಲ್ ಪಾತ್ರ ಮಾಡಿದ್ದರು. 2015ರಲ್ಲಿ ಇಬ್ಬರೂ ಒಂದೇ ಮನೆಯಲ್ಲಿ, ಒಂದೇ ಫ್ರೇಮಿನಲ್ಲಿ. ಚಿತ್ರಕ್ಕೆ ಬರ್ಲಿನ್‌ನಲ್ಲಿ ತೀರ್ಪುಗಾರರ ದೊಡ್ಡ ಬಹುಮಾನ ಬಂತು. ಸಿಯೆವೆಕಿಂಗ್ 2020ರ ಮಾರ್ಚ್‌ನಲ್ಲಿ ತೀರಿಕೊಂಡರು. ಮರುದಿನವೇ ಅವರ ಹೆಂಡತಿ, ಹೆಸರಾಂತ ನಟಿ ಬೆಲ್ಹಿಕಾ ಕಾಸ್ತ್ರೊ ಕೂಡ ಹೋದರು.

ಮತ್ತೆ ‘ಎಲ್ ಕೊಂಡೆ’ಗೆ ಬರೋಣ. ಚಿತ್ರ ಬಂದ ತಿಂಗಳು 1973ರ ಸೇನಾ ದಂಗೆಗೆ ಸರಿಯಾಗಿ 50 ವರ್ಷ. ಪಿನೊಚೆಟ್ 2006ರಲ್ಲಿ ಹಾಸಿಗೆಯಲ್ಲೇ ಸತ್ತ. ಕೊಲೆಗಳಿಗಾಗಿ ಯಾವ ಕೋರ್ಟೂ ಅವನಿಗೆ ಶಿಕ್ಷೆ ಕೊಟ್ಟಿರಲಿಲ್ಲ. 2004ರಲ್ಲಿ ಅಮೆರಿಕದ ರಿಗ್ಸ್ ಬ್ಯಾಂಕಿನಲ್ಲಿ ಅವನ ಗುಪ್ತ ಖಾತೆಗಳು ಪತ್ತೆಯಾದಾಗ ಅವನ ಅಭಿಮಾನಿಗಳಲ್ಲೂ ಕೆಲವರು ಮುಖ ತಿರುಗಿಸಿದರು. ಚಿತ್ರ ಹಿಡಿದದ್ದು ಈ ಎಳೆಯನ್ನೇ. ಈ ರಕ್ತಪಿಶಾಚಿಗೆ ಕೊಲೆಗಾರ ಅಂದರೆ ಬೇಸರವಿಲ್ಲ, ಕಳ್ಳ ಅಂದರೆ ಮಾತ್ರ ತಡೆಯಲಾಗದು. ವಾಡೆಲ್ ಆ ನೋವನ್ನು ಎಷ್ಟು ಪ್ರಾಮಾಣಿಕವಾಗಿ ಆಡುತ್ತಾರೆ ಅಂದರೆ, ಒಂದೆರಡು ಕಡೆ ಆ ಮುದುಕನ ಮೇಲೆ ಕನಿಕರ ಹುಟ್ಟಿಬಿಡುತ್ತದೆ. ಕೆಲವರಿಗೆ ಇದು ಸರಿ ಬರಲಿಲ್ಲ. ಸಾವಿರಾರು ಮನೆಗಳ ನೋವು ಇನ್ನೂ ಹಸಿಯಾಗಿರುವಾಗ ಹಂತಕನನ್ನು ನಗುವ ಪಾತ್ರ ಮಾಡಬಹುದೇ ಅನ್ನೋ ಪ್ರಶ್ನೆ ನ್ಯಾಯವಾದದ್ದೇ. ಚಿತ್ರವೂ ಕೊನೆಯ ಭಾಗದಲ್ಲಿ ಹಿಡಿತ ತಪ್ಪುತ್ತದೆ. ಆದರೂ ವೆನಿಸ್‌ನಲ್ಲಿ ಚಿತ್ರಕಥೆಗೆ ಬಹುಮಾನ ಬಂತು, ಎಡ್ ಲಾಕ್‌ಮನ್ ಅವರ ಛಾಯಾಗ್ರಹಣ ಆಸ್ಕರ್ ನಾಮನಿರ್ದೇಶನ ಪಡೆಯಿತು. ಐವತ್ತು ವರ್ಷಕ್ಕೂ ಮಿಕ್ಕಿದ ದುಡಿಮೆಯಲ್ಲಿ ವಾಡೆಲ್ ಅವರನ್ನು ಜಗತ್ತು ಮುಖ್ಯ ಪಾತ್ರದಲ್ಲಿ ಕಂಡದ್ದು ಇದೇ ಚಿತ್ರದಲ್ಲಿ.

ಎಲ್ಲಿಂದ ಶುರು ಮಾಡೋದು ಅಂತ ಕೇಳಿದರೆ, ನಾನು ಹೇಳೋದು ‘ನೊ’. 1988ರ ಜನಮತಗಣನೆಯಲ್ಲಿ ‘ಪಿನೊಚೆಟ್ ಮುಂದುವರಿಯಲಿ’, ‘ಬೇಡ’ ಎಂಬ ಎರಡು ಬಣಗಳಿಗೂ ದಿನಕ್ಕೆ 15 ನಿಮಿಷ ಟಿವಿ ಟೈಮ್ ಸಿಕ್ಕಿತ್ತು. ‘ಬೇಡ’ ಅಂದವರು ಸುಮಾರು 56 ಶೇಕಡ ಮತ ಪಡೆದು ಗೆದ್ದರು. ಆ ಪ್ರಚಾರದ ಕತೆ ಇದು. ಹಳೆಯ ವಿಡಿಯೋ ಕ್ಯಾಮೆರಾದಲ್ಲೇ ಚಿತ್ರೀಕರಿಸಿದ್ದರಿಂದ ಅಂದಿನ ನಿಜವಾದ ಟಿವಿ ತುಣುಕು ಯಾವುದು, ಸಿನಿಮಾದ ದೃಶ್ಯ ಯಾವುದು ಅಂತ ಗೊತ್ತಾಗುವುದಿಲ್ಲ. ವಿದೇಶಿ ಭಾಷಾ ಚಿತ್ರಗಳ ವಿಭಾಗದಲ್ಲಿ ಚಿಲಿಗೆ ಮೊದಲ ಆಸ್ಕರ್ ನಾಮನಿರ್ದೇಶನ ತಂದದ್ದೂ ಇದೇ. ಮಂತ್ರಿಯ ದೃಶ್ಯಗಳು ಹೆಚ್ಚಿಲ್ಲ, ಬಂದಾಗ ಕಣ್ಣಿಟ್ಟು ನೋಡಿ. ಆಮೇಲೆ ‘ಎಲ್ ಕ್ಲುಬ್’, ಅದಾದ ಮೇಲೆ ‘ಎಲ್ ಕೊಂಡೆ’. ‘ತ್ರೆಸ್ ತ್ರಿಸ್ತೆಸ್ ತಿಗ್ರೆಸ್’ ಕೊನೆಗಿರಲಿ. ಮೊದಲ ಅರ್ಧ ಗಂಟೆ ಏನು ನಡೆಯುತ್ತಿದೆ ಅಂತಲೇ ತಿಳಿಯುವುದಿಲ್ಲ. ಉಳಿದ ಚಿತ್ರಗಳನ್ನು ನೋಡಿ ಬಂದವರಿಗೆ ಮಾತ್ರ ರೂದಿ ತೆರೆಗೆ ಬಂದ ಕೂಡಲೇ ಗುರುತು ಸಿಗುತ್ತದೆ.